ಸಿಡಿಸಿಯ ಉಚಿತ ಐಸಿಡಿ-10-ಸಿಎಂ ಬ್ರೌಸರ್: ದಿನಾ ಬಳಸುವವಳ ಮಾತು

ಐಸಿಡಿ-10-ಸಿಎಂ ಅಂದರೆ ಅಮೆರಿಕದಲ್ಲಿ ಕಾಯಿಲೆ, ಗಾಯಗಳನ್ನು ಗುರುತಿಸಲು ಬಳಸುವ ಕೋಡ್‌ಗಳ ಪಟ್ಟಿ; ಅದರಲ್ಲಿ ಹುಡುಕಲು ಅಲ್ಲಿನ ಸರ್ಕಾರಿ ಆರೋಗ್ಯ ಸಂಸ್ಥೆ ಸಿಡಿಸಿ ಕೊಟ್ಟಿರುವ ವೆಬ್ ಪುಟವೇ ಈ ಬ್ರೌಸರ್. ಬೆಂಗಳೂರಿನಲ್ಲಿ ಕೂತು ಅಮೆರಿಕದ ರೋಗಿಗಳ ಚಾರ್ಟ್‌ಗಳಿಗೆ (ಚಿಕಿತ್ಸೆಯ ದಾಖಲೆಗಳಿಗೆ) ಕೋಡ್ ಹಾಕುವ ನನಗೆ ಇದು ದಿನವಿಡೀ ಬೇಕು. ನಿನ್ನೆ ಒಂದು ಚಾರ್ಟ್ ಬಂತು. ಬಲಗೈ ಕಿರುಬೆರಳಿನ ಕೆಳಗಿನ ಅಂಗೈ ಮೂಳೆ, ಅದರದೇ ಕುತ್ತಿಗೆಯಲ್ಲಿ (ಬೆರಳಿನ ಕಡೆಯ ತುದಿಗಿಂತ ಸ್ವಲ್ಪ ಕೆಳಗಿನ ಸಪೂರ ಭಾಗದಲ್ಲಿ) ಮುರಿದು, ಜರುಗಿ, ಈಗ ಕೂಡಿಕೊಂಡಿದೆ. ಆದರೆ ಕೈ ಬಿಗಿ. ಮುಷ್ಟಿ ಕಟ್ಟಲು ಆಗುತ್ತಿಲ್ಲ, ಪಾಪ.

ಮೊದಲು ಈಗಿನ ತೊಂದರೆ, ಬಲಗೈ ಬಿಗಿತ: ಎಂ25.641. ಆಮೇಲೆ ಹಳೆಯ ಪೆಟ್ಟು: ಎಸ್62.336ಎಸ್. ಕೊನೆಯ, ಅಂದರೆ ಏಳನೇ ಅಕ್ಷರ 'ಎಸ್' ಅಂದರೆ ಗಾಯ ವಾಸಿಯಾದ ಮೇಲೂ ಉಳಿದ ತೊಂದರೆ. ಮೂಳೆ ಇನ್ನೂ ಸರಿಯಾಗಿ ಕೂಡುತ್ತಿದ್ದರೆ 'ಡಿ'. ಹೊಸಬರು ಜಾಸ್ತಿ ಎಡವುವುದು ಇಲ್ಲೇ.

ಬ್ರೌಸರ್‌ನಲ್ಲಿ ಎಸ್62 (ಮಣಿಕಟ್ಟು, ಕೈ ಮೂಳೆ ಮುರಿತಗಳ ಗುಂಪು) ತೆರೆದರೆ ಏಳನೇ ಅಕ್ಷರದ ಪಟ್ಟಿ ಅಲ್ಲೇ ಇರುತ್ತದೆ. ಅಕ್ಟೋಬರ್ 1ಕ್ಕೆ ಹೊಸ ಕೋಡ್ ಬರುತ್ತವೆ ಅಲ್ವಾ, ವರ್ಷ ಆರಿಸಿಕೊಂಡೇ ಹುಡುಕಬಹುದು. ಕೋಡ್‌ಗಳ ದಪ್ಪ ಪುಸ್ತಕವನ್ನು ನಾನೀಗ ಮುಟ್ಟುವುದೇ ಕಡಿಮೆ.