ದೇಣಿಗೆ ಕೋರಿಕೆಯ ಆನ್‌ಲೈನ್ ಸೇವೆ: ಒಂದು ವರ್ಷದ ಬಳಕೆಯ ನಂತರ

ನಮ್ಮ ಸೇವಾಸಂಸ್ಥೆಯ ನಿಧಿಸಂಗ್ರಹ ಕಾರ್ಯಕ್ರಮಕ್ಕೆ ಕಂಪನಿಗಳ ನೆರವು ಕೋರಲು ಆನ್‌ಲೈನ್ ಸೇವೆಯೊಂದಕ್ಕೆ ಚಂದಾದಾರರಾಗಿ ಒಂದು ವರ್ಷವಾಯಿತು. ನಗದು ಅನುದಾನ, ಪ್ರಾಯೋಜಕತ್ವ ಮತ್ತು ಹರಾಜಿಗೆ ಇಡಬಹುದಾದ ವಸ್ತುರೂಪದ ಕೊಡುಗೆ, ಈ ಮೂರನ್ನೂ ಪ್ರತ್ಯೇಕವಾಗಿ ತೋರಿಸುವುದೇ ಇದರ ದೊಡ್ಡ ಗುಣ. ದೊಡ್ಡ ಕಂಪನಿಗಳಲ್ಲಿ ಅನುದಾನವನ್ನು ಹೆಚ್ಚಾಗಿ ಅವುಗಳ ಪ್ರತಿಷ್ಠಾನವೂ ಪ್ರಾಯೋಜಕತ್ವವನ್ನು ಪ್ರಚಾರ ವಿಭಾಗವೂ ನಿರ್ಧರಿಸುವುದರಿಂದ, ಒಂದೇ ಪತ್ರವನ್ನು ಎಲ್ಲೆಡೆಗೂ ಕಳುಹಿಸಿದರೆ ಅದು ತಲುಪಬೇಕಾದವರ ಕೈಸೇರದೆ ಹೋಗುತ್ತದೆ. ಮೊದಲು ನಾವು ಮಾಡುತ್ತಿದ್ದ ತಪ್ಪು ಅದೇ. ನೋಂದಣಿ ಪತ್ರ, ತೆರಿಗೆ ವಿನಾಯಿತಿ ಪ್ರಮಾಣಪತ್ರ ಮತ್ತು ಲೆಕ್ಕಪರಿಶೋಧನಾ ವರದಿಯನ್ನು ಒಮ್ಮೆ ಸೇರಿಸಿದರೆ ಪ್ರತಿ ಅರ್ಜಿಗೂ ಅವೇ ಬಳಕೆಯಾಗುತ್ತವೆ. ಬೆರಳೆಣಿಕೆಯ ಕಾರ್ಯಕರ್ತರಿರುವ ಸಂಸ್ಥೆಗೆ ಇದು ನಿಜಕ್ಕೂ ದೊಡ್ಡ ಉಪಕಾರ.

ಆದರೆ ಗಡುವುಗಳ ಮಾಹಿತಿಯನ್ನು ಕಣ್ಣುಮುಚ್ಚಿ ನಂಬಬಾರದು. ಕಂಪನಿಗಳು ಕಾರ್ಯಕ್ರಮಕ್ಕೆ ಹಲವು ವಾರಗಳ ಮುಂಚೆಯೇ, ಕೆಲವೊಮ್ಮೆ ತಿಂಗಳುಗಳ ಮುಂಚೆ, ಅರ್ಜಿ ಬಯಸುತ್ತವೆ. ಇಲ್ಲಿದ್ದ ಹಳೆಯ ದಿನಾಂಕವನ್ನು ನೆಚ್ಚಿಕೊಂಡು ನಾವು ಒಬ್ಬ ಪ್ರಾಯೋಜಕರನ್ನು ಕಳೆದುಕೊಂಡೆವು. ಸಿದ್ಧ ಪತ್ರದ ಮಾದರಿಗಳೂ ನೀರಸವಾಗಿವೆ: ಎಷ್ಟು ಹಣ ಬೇಕು, ಅದರಿಂದ ಯಾರಿಗೆ ಏನಾಗುತ್ತದೆ ಎಂಬುದನ್ನು ನಾವೇ ಬರೆಯಬೇಕು. ಹಣ ಬಂದ ಮೇಲೆ ಕೊಡಬೇಕಾದ ವಿನಿಯೋಗ ವರದಿಗೆ ಇದರಲ್ಲಿ ಯಾವ ಸೌಲಭ್ಯವೂ ಇಲ್ಲ. ಇಷ್ಟಿದ್ದರೂ ಮುಂದಿನ ವರ್ಷಕ್ಕೆ ಚಂದಾ ನವೀಕರಿಸಿದ್ದೇವೆ.