ಜಾಮೀನು ಸಹಿ ಅಂದ್ರೆ ಸಾಕ್ಷಿ ಸಹಿ ಅಲ್ಲ

ಕಲಬುರಗಿಯಲ್ಲಿ ನೌಕರಿ ಮಾಡುವವರಿಗೆ ಈ ಮಾತು ಹೊಸದಲ್ಲ: "ಅಣ್ಣಾ, ನಿಮ್ದೊಂದು ಸಹಿ ಬೇಕಾಗಿತ್ತು." ತಿಂಗಳ ಪಗಾರ ಬರುತ್ತೆ ಅಂದ್ರೆ ಊರಿಗೆಲ್ಲ ನೀವೇ ಜಾಮೀನುದಾರರು. ನಾನೂ ಹಾಗೇ ಸಿಕ್ಕಿಬಿದ್ದೆ.

ಕೇಳಿದವನು ನಮ್ಮ ಸಣ್ಣ ಕಾಕಾನ ಮಗ. ಗೂಡ್ಸ್ ಟಂಟಂ (ಮೂರು ಚಕ್ರದ ಸರಕು ಗಾಡಿ) ತಗೊಂಡು ಗಂಜ್‌ನಲ್ಲಿ ತೊಗರಿ ಚೀಲದ ಬಾಡಿಗೆ ಹೊಡೀತೀನಿ ಅಂದ. ಒಂದು ಪತ್ತಿನ ಸಹಕಾರ ಸಂಘದಲ್ಲಿ 3 ಲಕ್ಷ ಸಾಲ, ಪಗಾರದವರು ಇಬ್ಬರ ಜಾಮೀನು ಬೇಕು. ಸೂಪರ್ ಮಾರ್ಕೆಟ್ ಹತ್ತಿರ ಚಹಾ ಕುಡಿಸಿ ಸೀದಾ ಸಂಘಕ್ಕೆ ಕರೆದುಕೊಂಡು ಹೋದ. ಗುಮಾಸ್ತರು ಹನ್ನೊಂದು ಕಡೆ ಪೆನ್ಸಿಲ್‌ನಿಂದ ಟಿಕ್ ಹಾಕಿಟ್ಟಿದ್ದರು. ಟಿಕ್ ಇದ್ದಲ್ಲೆಲ್ಲ ಸಹಿ ಮಾಡಿದೆ. ಎರಡು ಹಾಳೆಯಲ್ಲಿ ಮೊತ್ತದ ಜಾಗ ಖಾಲಿ ಇತ್ತು. ಕೇಳಿದೆ. "ಆಮೇಲೆ ತುಂಬ್ತೀವ್ರಿ ಸರ್, ಸುಮ್ನೆ ಫಾರ್ಮಾಲಿಟಿ ಅದ" ಅಂದರು. ಫಾರಂ ಕನ್ನಡದಲ್ಲೇ ಇತ್ತು, ಓದೋದು ಐದು ನಿಮಿಷದ ಕೆಲಸ. ಆದ್ರೆ ತಮ್ಮನನ್ನು ಪಕ್ಕದಲ್ಲಿ ಕೂರಿಸಿಕೊಂಡು ಓದಿದರೆ ಅವನ ಮೇಲೆ ನಂಬಿಕೆ ಇಲ್ಲ ಅಂದಂಗೆ ಆಗುತ್ತೆ ಅಂತ ಸಂಕೋಚ. ಆ ಸಂಕೋಚಕ್ಕೆ ಈಗ ತಿಂಗಳಿಗೆ 8 ಸಾವಿರ ಕಟ್ಟುತ್ತಿದ್ದೇನೆ.

ಅವನು ಒಂಬತ್ತು ಕಂತು ಕಟ್ಟಿದ. ಆಮೇಲೆ ಟಂಟಂ ಮಾರಿ ಪುಣೆಗೆ ಹೋದ. ಸಂಘದವರು ಗಾಡಿ ಅಡವಿಟ್ಟುಕೊಂಡಿರಲೇ ಇಲ್ಲ. ಅಡವಿದ್ದವರು ನಾವಿಬ್ಬರು ಜಾಮೀನುದಾರರು ಅನ್ನಿ! ನನಗೆ ಎರಡು ನೋಟಿಸ್ ಬಂದವು. ಅವನಿಗೆ ಫೋನ್ ಮಾಡಿದರೆ "ಮುಂದಿನ ತಿಂಗಳು ತುಂಬ್ತೀನಿ, ನೀವು ತಲಿ ಕೆಡಿಸ್ಕೋಬ್ಯಾಡ್ರಿ" ಅಂದ. ನಾನೂ ಕೆಡಿಸಿಕೊಳ್ಳಲಿಲ್ಲ. ಸಹಕಾರ ಇಲಾಖೆಯ ಸಹಾಯಕ ನಿಬಂಧಕರ ಮುಂದೆ ಕೇಸು ನಡೆದಾಗ ಹೋಗಲೇ ಇಲ್ಲ. ನಾನಿಲ್ಲದೇ ತೀರ್ಪು ಆಯ್ತು. ನಾನು ಮಾಡಿದ ದೊಡ್ಡ ತಪ್ಪು ಅದೇ.

ಆಮೇಲೆ ವಕೀಲರ ಹತ್ತಿರ ಓಡಿದೆ. "ಮೊದಲು ಅವನ ಹತ್ತಿರ ವಸೂಲಿ ಮಾಡಲಿ, ಸಿಗದಿದ್ರೆ ನನ್ನ ಹತ್ತಿರ ಬರಲಿ, ಅಲ್ವಾ ಸರ್?" ಅಂದೆ. ಅವರು ನಕ್ಕರು. "ಬಂದವರೆಲ್ಲ ಹಿಂಗೇ ಅಂತಾರ್ರಿ." 1872ರ ಕರಾರು ಕಾಯ್ದೆ ತೆಗೆದು 128ನೇ ಕಲಂ ತೋರಿಸಿದರು. ಕರಾರಿನಲ್ಲಿ ಬೇರೆ ಥರ ಬರೆದಿಲ್ಲ ಅಂದ್ರೆ ಸಾಲಗಾರನ ಹೊಣೆ ಎಷ್ಟೋ ಜಾಮೀನುದಾರನದೂ ಅಷ್ಟೇ. ಮೊದಲು ಅವನು, ಆಮೇಲೆ ನೀನು ಅನ್ನುವ ಸರದಿ ಇಲ್ಲ. 1968ರಲ್ಲೇ ಸುಪ್ರೀಂ ಕೋರ್ಟ್ ಇದನ್ನು ಸ್ಪಷ್ಟ ಮಾಡಿದೆ. ಅಸಲು, ಬಡ್ಡಿ, ದಂಡದ ಬಡ್ಡಿ, ಖರ್ಚು ಎಲ್ಲ ಸೇರಿ ನನ್ನ ತಲೆ ಮೇಲೆ 3,12,000.

ಹನ್ನೊಂದು ಸಹಿಯಲ್ಲಿ ಒಂದು, ಪಗಾರದಲ್ಲಿ ಮುರಿದುಕೊಳ್ಳಲು ಒಪ್ಪಿಗೆ ಪತ್ರ. ಅದನ್ನು ನಮ್ಮ ಆಫೀಸಿಗೆ ಕಳಿಸಿದರು. ಇನ್ನೊಬ್ಬ ಜಾಮೀನುದಾರರು ಅಷ್ಟೊತ್ತಿಗೆ ನಿವೃತ್ತರು. ಪಿಂಚಣಿ ಜಪ್ತಿ ಮಾಡಲು ಬರಲ್ಲ, ಹಾಗಾಗಿ ನನ್ನದೇ ಸುಲಭದ ದಾರಿ. ಅವರ ಹತ್ತಿರ ಅರ್ಧ ಕೇಳುವ ಹಕ್ಕು ನನಗಿದೆ. ಅವರ ಮನೆಯ ಪರಿಸ್ಥಿತಿ ನೋಡಿ ಬಾಯಿ ಬರಲಿಲ್ಲ. ಕಟ್ಟಿದ್ದನ್ನು ತಮ್ಮನ ಹತ್ತಿರ ವಸೂಲಿ ಮಾಡುವ ಹಕ್ಕೂ ಇದೆ, ಅದೇ ಕರಾರು ಕಾಯ್ದೆಯ 145ನೇ ಕಲಂ. ಕೈಯಲ್ಲಿ ಕಾಸಿಲ್ಲದವನ ಮೇಲೆ ಕೇಸು ಹಾಕಿ ವಕೀಲರ ಫೀಸೂ ನಾನೇ ಕೊಡಬೇಕಷ್ಟೇ.

ಸಹಿ ಮಾಡಲೇಬೇಕಾಗಿ ಬಂದರೆ ಖಾಲಿ ಜಾಗಕ್ಕೆ ಗೆರೆ ಎಳೆಯಿರಿ. "ಇಷ್ಟು ಮೊತ್ತಕ್ಕೆ ಮಾತ್ರ" ಅಂತ ಬರೆಸಿ. ಜೆರಾಕ್ಸ್ ಇಲ್ಲದೆ ಎದ್ದು ಬರಬೇಡಿ. ಖಾಲಿ ಚೆಕ್ ಅಂತೂ ಕೊಡಲೇಬೇಡಿ. ಅದು ಬೌನ್ಸ್ ಆದರೆ ಚೆಕ್ಕಿನ ಬೇರೆ ಕಾಯ್ದೆಯ (ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯ್ದೆ) 138ನೇ ಕಲಂ ಅಂತ ಕ್ರಿಮಿನಲ್ ಕೇಸೇ ಬರುತ್ತೆ. ಬ್ಯಾಂಕಿನ ಸಾಲವಾದ್ರೆ ಅವನು ಕಂತು ತಪ್ಪಿಸಿದ್ದು ನಿಮ್ಮ ಸಿಬಿಲ್‌ನಲ್ಲೂ (ಸಾಲ ತೀರಿಸಿದ ದಾಖಲೆ) ಕಾಣಬಹುದು. ಮೂರು ತಿಂಗಳಿಗೊಮ್ಮೆ ನೀವೇ ಹೋಗಿ ಸಾಲದ ಖಾತೆ ಕೇಳಿ, ಸಾಲಗಾರನ ಬಾಯಿಮಾತು ಕೇಳಬೇಡಿ. ನೋಟಿಸ್ ಬಂದ ದಿನವೇ ವಕೀಲರಿಗೆ ತೋರಿಸಿ.

ಶರಣಬಸವೇಶ್ವರ ಜಾತ್ರೆಗೆ ಬಂದಾಗ ಕಾಕಾ ಒಂದು ಚೀಲ ಜೋಳ ತಂದು ಇಳಿಸಿದರು. ನನ್ನ ಮುಖ ನೋಡಲಿಲ್ಲ, ಚಹಾನೂ ಕುಡಿಯಲಿಲ್ಲ. ಅದೇ ಜೋಳದ ರೊಟ್ಟಿ ತಟ್ಟುವಾಗ ನಮ್ಮ ಮನೆಯವರು ಈಗಲೂ ಕೇಳ್ತಾರೆ, "ಇದು ಎಷ್ಟನೇ ಕಂತಿನ ರೊಟ್ಟಿ ರೀ?"