ಬರ್ಲಿನ್ ಅಲೆಕ್ಸಾಂಡರ್‌ಪ್ಲಾಟ್ಸ್ ಬ್ಲೂ-ರೇ ಸೆಟ್: ಎಡಿಟಿಂಗ್ ಕೆಲಸದವರು ನೋಡಲೇಬೇಕು

ಜರ್ಮನ್ ನಿರ್ದೇಶಕ ಫಾಸ್‌ಬಿಂಡರ್ ಒಂದು ಕಾದಂಬರಿಯಿಂದ ಮಾಡಿದ ಟಿವಿ ಸರಣಿಯ ಡಿಸ್ಕ್ ಸೆಟ್ ಇದು. ಮೊದಲು ಪ್ಲೇಯರ್ ವಿಷಯ. ಕ್ರೈಟೀರಿಯನ್ ಎಂಬ ಅಮೆರಿಕದ ಕಂಪನಿಯ ಈ ಬ್ಲೂ-ರೇ ರೀಜನ್ ಎ, ನಮ್ಮ ದೇಶದ್ದು ರೀಜನ್ ಸಿ. ಅಂದರೆ ಇಲ್ಲಿಯ ಮಾಮೂಲಿ ಪ್ಲೇಯರ್‌ನಲ್ಲಿ ಓಡುವುದಿಲ್ಲ. ಎಲ್ಲ ರೀಜನ್ ಓಡುವ ಪ್ಲೇಯರ್ ಇದ್ದರೆ ಮಾತ್ರ ತರಿಸಿ. ಮಾರಿದವರು ಇದನ್ನು ಎಲ್ಲೂ ಬರೆದಿರಲಿಲ್ಲ. ಬದಿಯಡ್ಕಕ್ಕೆ ಬರುವಷ್ಟರಲ್ಲಿ ಡಬ್ಬದ ಮೂಲೆ ಜಜ್ಜಿ ಹೋಗಿತ್ತು, ಕೇಳಿದರೆ ಉತ್ತರವೂ ಇಲ್ಲ. ಡಿಸ್ಕ್‌ಗಳಿಗೆ ಏನೂ ಆಗಿರಲಿಲ್ಲ, ಪುಣ್ಯ.

ನಾನು ಮದುವೆ, ಬಯಲಾಟದ ವಿಡಿಯೋ ಎಡಿಟ್ ಮಾಡುವವನು. ಇದನ್ನು ಕೊಂಡದ್ದೇ ಎಡಿಟರ್ ಯೂಲಿಯಾನೆ ಲೊರೆಂಟ್ಸ್ ಅವರ ಕೆಲಸ ನೋಡಲು. 1957ರಲ್ಲಿ ಹುಟ್ಟಿದ ಇವರು 1976ರಲ್ಲಿ ಫಾಸ್‌ಬಿಂಡರ್ ಸಿನಿಮಾಕ್ಕೆ ಅಸಿಸ್ಟೆಂಟ್ ಆಗಿ ಬಂದರು. 1979ರಲ್ಲಿ 'ಮರಿಯಾ ಬ್ರೌನ್' ತೆರೆಗೆ ಬರುವಾಗ ಟೈಟಲ್‌ನಲ್ಲಿ ಎಡಿಟರ್ ಎಂದು ಇವರ ಹೆಸರಿತ್ತು. ಜೊತೆಗೆ ಫ್ರಾನ್ಸ್ ವಾಲ್ಶ್ ಅಂತ ಇನ್ನೊಂದು ಹೆಸರು. ಅದು ಯಾರೂ ಅಲ್ಲ, ಫಾಸ್‌ಬಿಂಡರೇ!

1980ರಲ್ಲಿ ಜರ್ಮನ್ ಟಿವಿಗೆ ಮಾಡಿದ ಈ ಸರಣಿಯಲ್ಲಿ 13 ಕಂತು, ಮೇಲೊಂದು ಎಪಿಲಾಗ್ (ಕೊನೆಗೆ ಸೇರಿಸಿದ ಭಾಗ), ಒಟ್ಟು 15 ಗಂಟೆಗೂ ಜಾಸ್ತಿ. ಲೊರೆಂಟ್ಸ್‌ಗೆ ಆಗ ಇಪ್ಪತ್ಮೂರರ ಆಸುಪಾಸು, ನೆನಪಿರಲಿ. ಕಥೆಯ ನಾಯಕ ಫ್ರಾನ್ಸ್ ತನ್ನ ಗೆಳತಿ ಈಡಾಳನ್ನು ಹೊಡೆದು ಕೊಲ್ಲುವ ದೃಶ್ಯ ಒಂದು ಸಲ ಬಂದು ಮುಗಿಯುವುದಿಲ್ಲ. ಕಂತು ದಾಟಿ ಕಂತಿನಲ್ಲಿ ಮತ್ತೆ ಮತ್ತೆ ಬರುತ್ತದೆ, ಹಿನ್ನೆಲೆಯಲ್ಲಿ ಕೇಳುವ ಮಾತು ಮಾತ್ರ ಬೇರೆ. ಮೊದಲ ಸಲ ಗಾಬರಿ, ಆಮೇಲೆ ಸಿಟ್ಟು, ಕೊನೆಕೊನೆಗೆ ಆ ಮನೆಗೆ ಕ್ಯಾಮೆರಾ ಬಂತು ಅಂದರೆ ಸಾಕು ಹೊಟ್ಟೆಯಲ್ಲಿ ಸಂಕಟ ಶುರುವಾಗುತ್ತದೆ. ನಮ್ಮಲ್ಲಿ ಧಾರೆಯ ಶಾಟ್ ಎರಡು ಸಲ ಬಂದರೆ ಹುಡುಗಿ ಕಡೆಯವರು ಫೋನ್ ಮಾಡುತ್ತಾರೆ, ಅಲ್ವಾ?

ಇನ್ನೊಂದು, ಕಟ್ ಮಾಡದೆ ಬಿಡುವ ಧೈರ್ಯ. ಮಾತು ಮುಗಿದ ಮೇಲೂ ಮುಖ ಹಾಗೇ ನಿಲ್ಲುತ್ತದೆ. ಇಡೀ ರಾತ್ರಿಯ ಆಟ ನೋಡಿ ಅಭ್ಯಾಸ ಇದ್ದವರಿಗೆ ಈ ನಿಧಾನ ಕಷ್ಟವಾಗದು. ಎಪಿಲಾಗ್ ಮಾತ್ರ ನನಗೆ ಹಿಡಿಸಲಿಲ್ಲ, ಎಳೆದರು.

ಟಿವಿಯಲ್ಲಿ ಬಂದಾಗ ಬರೀ ಕತ್ತಲು ಅಂತ ಜನ ಬೈದಿದ್ದರಂತೆ. 16 ಎಂಎಂ ಫಿಲ್ಮ್, ಆ ಕಾಲದ ಟಿವಿ ಬೇರೆ. ಈಗ ಕತ್ತಲೆ ಕೋಣೆಯಲ್ಲೂ ಮುಖ ಕಾಣುತ್ತದೆ, ಫಿಲ್ಮಿನ ಕಾಳನ್ನೂ (ಗ್ರೇನ್) ಉಜ್ಜಿ ತೆಗೆದಿಲ್ಲ. ಹೀಗೆ ರಿಪೇರಿ ಮಾಡಿದ ಹೊಸ ಪ್ರತಿ ಮೊದಲು ತೋರಿಸಿದ್ದು 2007ರ ಬರ್ಲಿನ್ ಚಿತ್ರೋತ್ಸವದಲ್ಲಿ. ಅದರ ಹಿಂದೆ ಇದ್ದವರೂ ಲೊರೆಂಟ್ಸೇ. ಫಾಸ್‌ಬಿಂಡರ್ 1982ರಲ್ಲಿ 37ನೇ ವಯಸ್ಸಿಗೇ ತೀರಿಕೊಂಡರು. ಲೊರೆಂಟ್ಸ್ ಮುಂದೆ ನಿರ್ದೇಶಕ ವೆರ್ನರ್ ಶ್ರೋಟರ್ ಅವರ 'ಮಾಲಿನಾ'ದಂಥ ಸಿನಿಮಾ ಎಡಿಟ್ ಮಾಡಿದರು, 1992ರಿಂದ ಫಾಸ್‌ಬಿಂಡರ್ ಫೌಂಡೇಶನ್ ನೋಡಿಕೊಂಡರು. ಈ ರಿಪೇರಿ ಕೆಲಸದ ಬಗ್ಗೆ ಅವರೇ ಮಾಡಿದ ಡಾಕ್ಯುಮೆಂಟರಿ ಸೆಟ್‌ನಲ್ಲಿದೆ. ಅದನ್ನೇ ಮೊದಲು ನೋಡಿ.

ಸಬ್‌ಟೈಟಲ್ ಇಂಗ್ಲಿಷಿನಲ್ಲಿ ಮಾತ್ರ. ಬೆಲೆಗೆ ಕಸ್ಟಮ್ಸ್ ಸೇರಿದರೆ ಕೈ ಸುಡುತ್ತದೆ, ಇಬ್ಬರು ಮೂವರು ಸೇರಿ ಕೊಂಡರೆ ಒಳ್ಳೆಯದು. ಇದೇ ಕಾದಂಬರಿಯ 1931ರ ಸಿನಿಮಾ ಕೂಡ ಒಳಗಿದೆ, ಸುಮಾರು ಒಂದೂವರೆ ಗಂಟೆಯದ್ದು. ಮನೆಯವರನ್ನು ಕೂರಿಸಿಕೊಂಡು ನೋಡುವುದಾದರೆ ಅದನ್ನೇ ಹಾಕಿ.